ಕಾಲಿಗೆ 36, ಮೈಗೆ 12, ದುಡಿಮೆಗೆ ಎಷ್ಟು?

ಪ್ರಶ್ನೆ: ರಾಣೆಬೆನ್ನೂರಿನವನು, ಗೌಂಡಿ ಕೆಲಸ, ವಯಸ್ಸು 38. ಬೈಕಿಗೆ ಲಾರಿ ಗುದ್ದಿ ಬಲಗಾಲಿಗೆ ರಾಡ್ ಹಾಕಿದ್ದಾರೆ. ಡಾಕ್ಟರು ಕಾಲಿಗೆ ಶೇ. 36 ಅಂಗವೈಕಲ್ಯ ಎಂದರು, ಕೋರ್ಟು 12 ಮಾಡಿತು. ತಿಂಗಳಿಗೆ 9,000 ಆದಾಯ ಹಿಡಿದು ದುಡಿಮೆ ನಷ್ಟಕ್ಕೆ 1,94,400 ಕೊಟ್ಟಿದೆ. ಉಳಿದ 24 ಎಲ್ಲಿ ಹೋಯಿತು? ಮೇಲ್ಮನವಿ ಹಾಕಿದರೆ ಇದ್ದದ್ದೂ ಹೋಗುತ್ತದಂತೆ, ಹೌದೇ?

ಉತ್ತರ: ಈ 24 ಹುಡುಕಿಕೊಂಡು ಬರುವವರು ಮುಗಿಯುವುದೇ ಇಲ್ಲ. ಯಾರೂ ನುಂಗಿಲ್ಲ ಮಾರಾಯರೆ. ಕಾಲಿನ ಶೇಕಡಾವನ್ನು ಮೂರರಿಂದ ಭಾಗಿಸಿ ಇಡೀ ಮೈಗೆ ಇಷ್ಟು ಎನ್ನುವುದು ಅಪಘಾತ ಪರಿಹಾರದ ನ್ಯಾಯಮಂಡಳಿಗಳ ರೂಢಿ. ನೀವು ಕೇಳಬೇಕಾದದ್ದು ಬೇರೆ: ದುಡಿಮೆ ಎಷ್ಟು ಹೋಯಿತು? ಎಡಗೈ ಕಳೆದುಕೊಂಡ ಸರ್ಕಾರಿ ಗುಮಾಸ್ತನ ಸಂಬಳ ನಿಲ್ಲದಿರಬಹುದು, ಬಡಗಿಯ ದುಡಿಮೆ ಹೆಚ್ಚುಕಡಿಮೆ ಪೂರ್ತಿ ನಿಲ್ಲಬಹುದು. 2010ರ ರಾಜ್ ಕುಮಾರ್ ತೀರ್ಪಿನಲ್ಲಿ (ನಮ್ಮ ಅಣ್ಣಾವ್ರಲ್ಲ) ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ. ಕುಕ್ಕರಗಾಲಲ್ಲಿ ಕೂರಲಾಗದ, ಸಾರುವೆ ಹತ್ತಲಾಗದ ಗೌಂಡಿಗೆ 12 ಯಾವ ಲೆಕ್ಕ? ಶೇ. 25 ಹಿಡಿದರೂ, ನಿಮ್ಮ ವಯಸ್ಸಿನ ಮಲ್ಟಿಪ್ಲೈಯರ್ (ವರ್ಷದ ಆದಾಯವನ್ನು ಗುಣಿಸುವ ಸಂಖ್ಯೆ) 15ರಲ್ಲಿ, 4,05,000 ಆಗುತ್ತದೆ.

ಹಾಗೆಂದು ಕಡತ ನೋಡದೆ ಹೂಂ ಎನ್ನುವವನಲ್ಲ ನಾನು. ಇಂಥದ್ದೇ ಒಂದು ಕಡತ ಬಂದಿತ್ತು. ಡಾಕ್ಟರ ಸಾಕ್ಷ್ಯ ಎರಡು ಪುಟ. ಮೊಣಕಾಲು ಎಷ್ಟು ಡಿಗ್ರಿ ಮಡಚುತ್ತದೆ ಎಂದಿತ್ತು, ಏಣಿ ಹತ್ತಬಲ್ಲನೇ ಎಂದು ಯಾರೂ ಕೇಳಿರಲಿಲ್ಲ. ಗೌಂಡಿ ಎಂಬ ಪದವೇ ಇರಲಿಲ್ಲ. ಹೈಕೋರ್ಟಿನಲ್ಲಿ ಹೊಸ ಸಾಕ್ಷ್ಯಕ್ಕೆ ಸುಲಭವಾಗಿ ಅವಕಾಶ ಸಿಗುವುದಿಲ್ಲ. ಮೊದಲು ಡಾಕ್ಟರ ಹೇಳಿಕೆಯ ನಕಲು ತೆಗೆಸಿ ಓದಿಸಿ.

ನೀವೊಬ್ಬರೇ ಮೇಲ್ಮನವಿ ಹಾಕಿದರೆ ಮೊತ್ತ ಇಳಿಸುವಂತಿಲ್ಲ. ವಿಮಾ ಕಂಪನಿಯೂ ಹಾಕಿದರೆ ಮಾತು ಬೇರೆ. 25,000 ಠೇವಣಿ ಎಂದು ಹೆದರಿಸುತ್ತಾರಲ್ಲ, ಅದು ಪರಿಹಾರ ಕಟ್ಟಬೇಕಾದವರಿಗೆ, ನಿಮಗಲ್ಲ. ನಿಮ್ಮ ಜಿಲ್ಲೆಯ ಮೇಲ್ಮನವಿ ಧಾರವಾಡ ಪೀಠಕ್ಕೆ. ಗಡುವು ತೀರ್ಪಿನ ದಿನದಿಂದ 90 ದಿನ, ನಕಲು ಪಡೆಯಲು ಹಿಡಿದ ದಿನ ಬಿಟ್ಟು. "ಕಂಪನಿ ದುಡ್ಡು ಕಟ್ಟಲಿ, ಆಮೇಲೆ ನೋಡೋಣ" ಎಂದು ಕೂರಬೇಡಿ. ತಡವನ್ನು ಕೋರ್ಟು ಮನ್ನಿಸಿದರೂ ಆ ದಿನಗಳ ಬಡ್ಡಿ ಕತ್ತರಿಸುವುದು ಮಾಮೂಲು.

ಪ್ರಶ್ನೆ: ಲೋಕ ಅದಾಲತ್‌ನಲ್ಲಿ ಒಪ್ಪಿ ಸಹಿ ಹಾಕಿದೆ. ಈಗ ಕಡಿಮೆ ಅನ್ನಿಸುತ್ತಿದೆ. ಮೇಲ್ಮನವಿ ಹಾಕಬಹುದೇ?

ಉತ್ತರ: ಇಲ್ಲ.

ಪ್ರಶ್ನೆ: ವಿಮಾ ಕಂಪನಿಯೇ ಹೈಕೋರ್ಟಿಗೆ ಹೋಗಿ ನೋಟಿಸ್ ಬಂದಿದೆ. ಸುಮ್ಮನಿರಲೇ?

ಉತ್ತರ: ಸುಮ್ಮನಿದ್ದರೆ ಅವರ ವಾದವೊಂದೇ ನಡೆಯುತ್ತದೆ. ವಕೀಲರನ್ನು ಇಡಿ. ನಿಮಗೂ ಕಡಿಮೆ ಸಿಕ್ಕಿದ್ದರೆ ಒಂದು ತಿಂಗಳೊಳಗೆ ಅದೇ ಕೇಸಿನಲ್ಲಿ ಪ್ರತಿ ಆಕ್ಷೇಪಣೆ (ನನಗೆ ಸಿಕ್ಕಿದ್ದು ಕಡಿಮೆ ಎಂಬ ನಿಮ್ಮ ಅರ್ಜಿ) ಹಾಕಿಸಿ.

ಪ್ರಶ್ನೆ: ಆಸ್ಪತ್ರೆಯಲ್ಲಿ ಪರಿಚಯವಾದವರು 20 ಲಕ್ಷ ಗ್ಯಾರಂಟಿ, ಶೇ. 30 ತಮಗೆ ಎನ್ನುತ್ತಾರೆ. ನಂಬಬಹುದೇ?

ಉತ್ತರ: ಪರಿಹಾರದಲ್ಲಿ ಪಾಲು ಕೇಳಬಾರದೆಂದು ವಕೀಲರಿಗೇ ಬಾರ್ ಕೌನ್ಸಿಲ್ ನಿಯಮವಿದೆ; ಹಾಸಿಗೆ ಪಕ್ಕ ಸುಳಿಯುವ ಈ ದಲ್ಲಾಳಿ ಯಾವ ಗಿಡದ ತಪ್ಪಲು? ಖಾಲಿ ಚೆಕ್ಕಿಗೆ ಸಹಿ ಹಾಕಿ ಕೊಟ್ಟಿದ್ದರೆ ಇವತ್ತೇ ಬ್ಯಾಂಕಿಗೆ ಹೋಗಿ ಅದನ್ನು ತಡೆಹಿಡಿಸಿ.