ಪಾಯಿಂಟ್ಸ್‌ಗೆ ಇಷ್ಟು ಪೈಪೋಟಿ, ಬಡ್ಡಿಗೆ ಯಾಕಿಲ್ಲ?

ಪ್ರಶ್ನೆ: ಸಾರ್, ವಾರಕ್ಕೆ ಮೂರ್ನಾಲ್ಕು ಬ್ಯಾಂಕಿಂದ ಫೋನ್ ಬರುತ್ತೆ, ಕ್ರೆಡಿಟ್ ಕಾರ್ಡ್ ತಗೊಳ್ಳಿ ಅಂತ. ಒಬ್ರು ವಾರ್ಷಿಕ ಫೀಸ್ ಇಲ್ಲ ಅಂತಾರೆ, ಇನ್ನೊಬ್ರು ಏರ್‌ಪೋರ್ಟ್ ಲೌಂಜ್ ಫ್ರೀ ಅಂತಾರೆ, ಮತ್ತೊಬ್ರು ಕ್ಯಾಶ್‌ಬ್ಯಾಕ್. ಆದ್ರೆ ‘ನಮ್ಮಲ್ಲಿ ಬಡ್ಡಿ ಕಮ್ಮಿ’ ಅಂತ ಒಬ್ರೂ ಹೇಳಲ್ಲ. ಇಷ್ಟೊಂದು ಜನ ಪೈಪೋಟಿಗೆ ನಿಂತ್ರೆ ಬಡ್ಡಿ ಇಳೀಬೇಕಲ್ವಾ?

ಉತ್ತರ: ಇದನ್ನ ನೀವು ಗಮನಿಸಿದ್ದೇ ದೊಡ್ಡದು, ತುಂಬಾ ಜನ ಗಮನಿಸಲ್ಲ, ಅದರಿಂದಾನೇ ಬಡ್ಡಿ ಇಳಿಯಲ್ಲ ಕೂಡ. 1991ರಲ್ಲಿ ಲಾರೆನ್ಸ್ ಆಸುಬೆಲ್ ಅನ್ನೋ ಅಮೆರಿಕದ ಅರ್ಥಶಾಸ್ತ್ರಜ್ಞರು ಇದೇ ಪ್ರಶ್ನೆ ಹಿಡಿದು ಒಂದು ಪ್ರಬಂಧ ಬರೆದ್ರು. ಅಲ್ಲಿ ಆಗ ಕಾರ್ಡ್ ಕೊಡೋ ಬ್ಯಾಂಕ್‌ಗಳು ಸಾವಿರಾರು ಇದ್ವು, 1980ರ ದಶಕದಲ್ಲಿ ಬ್ಯಾಂಕ್‌ಗಳಿಗೆ ದುಡ್ಡು ಸಿಗೋ ದರ ಇಳೀತು, ಆದ್ರೂ ಕಾರ್ಡ್ ಬಡ್ಡಿ ಮಾತ್ರ ವರ್ಷಕ್ಕೆ 18-19% ಹತ್ರಾನೇ ಕೂತಿತ್ತು. ಕಾರಣ ಏನಂದ್ರೆ, ಕಾರ್ಡ್ ತಗೊಳ್ಳೋವಾಗ ಬಹಳಷ್ಟು ಜನ ‘ನಾನ್ಯಾಕೆ ಬಾಕಿ ಉಳಿಸ್ಕೊಳ್ತೀನಿ, ತಿಂಗ್ಳು ತಿಂಗ್ಳು ಕಟ್ಟಿಬಿಡ್ತೀನಿ’ ಅಂದ್ಕೊಂಡೇ ತಗೊಳ್ತಾರೆ, ಹಾಗಾಗಿ ಬಡ್ಡಿ ದರ ನೋಡೋಕೇ ಹೋಗಲ್ಲ, ಆಮೇಲೆ ಮದುವೆ, ಆಸ್ಪತ್ರೆ ಅಂತ ಏನೋ ಬಂದು ಬಾಕಿ ಉಳಿಯುತ್ತೆ. ಇನ್ನೊಂದು ಕಡೆ, ಯಾವ್ದಾದ್ರೂ ಬ್ಯಾಂಕ್ ಧೈರ್ಯ ಮಾಡಿ ಬಡ್ಡಿ ಇಳಿಸಿದ್ರೆ ಮೊದಲು ಓಡಿ ಬರೋರು ಸಾಲ ಉಳಿಸ್ಕೊಳ್ಳೋಕೆ ಅಂತಲೇ ಬರೋರು, ಅವ್ರಲ್ಲಿ ತೀರಿಸೋಕೆ ಆಗದೋರೂ ಜಾಸ್ತಿ. ಹಾಗಾಗಿ ಬಡ್ಡಿ ಇಳಿಸೋಕೆ ಯಾರಿಗೂ ಮನಸ್ಸಿಲ್ಲ.

ಹಾಗಾಗಿ ಪೈಪೋಟಿ ಎಲ್ಲಾ ಕಣ್ಣಿಗೆ ಕಾಣೋ ಕಡೆಗೆ ಹೋಯ್ತು. 1986ರಲ್ಲಿ ಅಮೆರಿಕದಲ್ಲಿ ಡಿಸ್ಕವರ್ ಅನ್ನೋ ಕಾರ್ಡ್ ಬಂದಾಗ ವಾರ್ಷಿಕ ಫೀಸ್ ಇಲ್ಲ, ಖರ್ಚಿನಲ್ಲಿ ಸ್ವಲ್ಪ ವಾಪಸ್ ಅಂತ ಜನರನ್ನ ಸೆಳೀತು. 2016ರಲ್ಲಿ ಚೇಸ್ ಬ್ಯಾಂಕ್ ಸಫೈರ್ ರಿಸರ್ವ್ ಅನ್ನೋ ಕಾರ್ಡ್‌ಗೆ 1 ಲಕ್ಷ ಪಾಯಿಂಟ್ಸ್ ಸ್ವಾಗತದ ಕೊಡುಗೆ ಕೊಡ್ತು, ಜನ ಮುಗಿಬಿದ್ದು ಕೆಲವೇ ತಿಂಗಳಲ್ಲಿ ಅದನ್ನ ಅರ್ಧಕ್ಕೆ ಇಳಿಸಬೇಕಾಯ್ತು. ಕಾಸ್ಟ್‌ಕೋ ಅನ್ನೋ ದೊಡ್ಡ ಅಂಗಡಿ ಸರಪಳಿ ಅದೇ ವರ್ಷ ತನ್ನ ಹೆಸರಿನ ಕಾರ್ಡ್‌ನ ಒಪ್ಪಂದವನ್ನ ಅಮೆರಿಕನ್ ಎಕ್ಸ್‌ಪ್ರೆಸ್ ಅನ್ನೋ ಕಾರ್ಡ್ ಕಂಪನಿಯಿಂದ ಬಿಡಿಸಿ ಸಿಟಿ ಬ್ಯಾಂಕಿನ ವೀಸಾ ಕಾರ್ಡ್‌ಗೆ ಕೊಡ್ತು, ಅಂಥ ಒಂದು ಒಪ್ಪಂದ ಕೈತಪ್ಪಿದ್ರೆ ಲಕ್ಷಾಂತರ ಗ್ರಾಹಕರು ಒಟ್ಟಿಗೇ ಹೋಗ್ತಾರೆ, ಅದಕ್ಕೇ ಇಂಥ ಒಪ್ಪಂದಗಳಿಗೆ ಬ್ಯಾಂಕ್‌ಗಳು ಅಷ್ಟು ಕಿತ್ತಾಡೋದು.

ಈ ಪಾಯಿಂಟ್ಸ್ ಯಾರ ದುಡ್ಡು ಅಂತ ನೀವು ಕೇಳ್ಲಿಲ್ಲ, ಆದ್ರೂ ಹೇಳ್ಬೇಕು. ನೀವು ಕಾರ್ಡ್ ಉಜ್ಜಿದಾಗ ಅಂಗಡಿಯವ್ರು ಒಂದು ಪಾಲು ಕೊಡ್ತಾರೆ, ಅದರಲ್ಲಿ ಇಂಟರ್‌ಚೇಂಜ್ ಅನ್ನೋ ಭಾಗ ನಿಮಗೆ ಕಾರ್ಡ್ ಕೊಟ್ಟ ಬ್ಯಾಂಕಿಗೆ ಸೇರುತ್ತೆ. ಯುರೋಪಿಯನ್ ಯೂನಿಯನ್ 2015ರಲ್ಲಿ ಕ್ರೆಡಿಟ್ ಕಾರ್ಡ್‌ಗೆ ಇದನ್ನ 0.3%ಗೆ ಕಟ್ಟಿಹಾಕ್ತು, ಆಮೇಲೆ ಅಲ್ಲಿ ಎಷ್ಟೋ ರಿವಾರ್ಡ್ ಕಾರ್ಡ್‌ಗಳು ಸೊರಗಿದ್ವು. ಪಾಯಿಂಟ್ಸ್‌ಗೆ ಬೇಕಾದ ಉಳಿದ ದುಡ್ಡು ಬರೋದು ಬಾಕಿ ಉಳಿಸ್ಕೊಂಡೋರು ಕಟ್ಟೋ ಬಡ್ಡಿ ಮತ್ತೆ ಲೇಟ್ ಫೀಸ್‌ನಿಂದ. ಕಷ್ಟದಲ್ಲಿರೋರ ಬಡ್ಡಿ ದುಡ್ಡಲ್ಲಿ ಉಳ್ಳೋರಿಗೆ ಲೌಂಜ್ ಸಿಗೋದು ನನಗೆ ಒಂಚೂರೂ ಸರಿ ಕಾಣಲ್ಲ.

ಪ್ರಶ್ನೆ: ನನ್ನ ಹಳೇ ಕಾರ್ಡ್‌ನಲ್ಲಿ ಬಾಕಿ ಇದೆ, ಮಿನಿಮಮ್ ಮಾತ್ರ ಕಟ್ತಿದೀನಿ. ಬೇರೆ ಬ್ಯಾಂಕ್ ‘ಆರು ತಿಂಗ್ಳು ಸೊನ್ನೆ ಬಡ್ಡಿ, ಬ್ಯಾಲೆನ್ಸ್ ಟ್ರಾನ್ಸ್‌ಫರ್ ಮಾಡಿ, ಅಂದ್ರೆ ಆ ಬಾಕಿನ ನಮ್ಮ ಕಾರ್ಡ್‌ಗೆ ವರ್ಗಾಯಿಸಿ’ ಅಂತಿದೆ. ಮಾಡ್ಲಾ ಸಾರ್?

ಉತ್ತರ: ಬಡ್ಡಿ ವಿಷ್ಯದಲ್ಲಿ ಬ್ಯಾಂಕ್‌ಗಳು ನೇರವಾಗಿ ಪೈಪೋಟಿ ಮಾಡೋ ಅಪರೂಪದ ಜಾಗ ಇದು, ಲೆಕ್ಕ ಹಾಕಿ ಬಳಸ್ಕೊಳ್ಳಿ. ತಿಂಗ್ಳಿಗೆ 3% ಬಡ್ಡಿ ಅಂದ್ಕೊಳ್ಳಿ, 100 ಬಾಕಿ ಇದ್ದು ಮಿನಿಮಮ್ 5 ಕಟ್ಟಿದ್ರೆ ಅದರಲ್ಲಿ 3 ಬಡ್ಡಿಗೇ ಹೋಗಿ ಅಸಲು ಇಳಿಯೋದು 2 ಮಾತ್ರ. ಟ್ರಾನ್ಸ್‌ಫರ್ ಫೀಸ್ 100ಕ್ಕೆ 3 ಆದ್ರೂ ಒಂದು ತಿಂಗಳ ಬಡ್ಡಿಯಷ್ಟೇ ಆಯ್ತು. ಆದ್ರೆ ಆರು ತಿಂಗ್ಳಾದ್ಮೇಲೆ ದರ ಎಷ್ಟಾಗುತ್ತೆ ಅಂತ ಬರಹದಲ್ಲಿ ನೋಡಿ, ಬಾಕಿನ ಆರು ಭಾಗ ಮಾಡಿ ತಿಂಗ್ಳಿಗೊಂದು ಕಟ್ಟೋಕಾಗುತ್ತಾ ಯೋಚಿಸಿ, ಆಮೇಲೆ ಹೊಸ ಕಾರ್ಡ್‌ನಲ್ಲಿ ಏನೂ ಖರೀದಿ ಮಾಡ್ಬೇಡಿ, ಯಾಕಂದ್ರೆ ಬಾಕಿ ಇರೋವಾಗ ಎಷ್ಟೋ ಕಾರ್ಡ್‌ಗಳಲ್ಲಿ ಹೊಸ ಖರೀದಿಗೆ ಮೊದಲ ದಿನದಿಂದ್ಲೇ ಬಡ್ಡಿ ಶುರುವಾಗುತ್ತೆ. ಹಳೇ ಕಾರ್ಡ್ ಖಾಲಿಯಾಯ್ತು ಅಂತ ಮತ್ತೆ ಅದನ್ನ ಉಜ್ಜೋಕೆ ಹೋಗ್ಬೇಡಿ, ಆಗ ಬಾಕಿ ಎರಡು ಕಡೆ ಆಗುತ್ತೆ.