ಸ್ಪೀಗಲ್‌ಮನ್ ಸ್ಟೇಜ್ 2 ಬಂದಿದೆ, ಮೂರು ವರ್ಷ ಕಾಯಬಹುದಾ?

ನಿಮ್ಮ ಪ್ರಶ್ನೆ ನನಗೆ ಅರ್ಥವಾದದ್ದು ಹೀಗೆ. ಗಲ್ಫ್‌ನಲ್ಲಿರುವ ತಮ್ಮನಿಗೆ ಎಫ್‌ಎಪಿ, ಅಂದರೆ ಕರುಳಿನಲ್ಲಿ ತುಂಬಾ ಪಾಲಿಪ್ (ಒಳಗೋಡೆಯ ಸಣ್ಣ ಗಂಟು) ಬೆಳೆಯುವ ಆನುವಂಶಿಕ ಕಾಯಿಲೆ; ದೊಡ್ಡಕರುಳು ತೆಗೆದಾಗಿದೆ. ಈಗ ಹೊಟ್ಟೆ ದಾಟಿದ ಕೂಡಲೇ ಸಿಗುವ ಡುವೊಡಿನಮ್‌ನಲ್ಲಿ ಎಂಟು ಪಾಲಿಪ್ ಕಂಡಿವೆ, ದೊಡ್ಡದು 6 ಮಿ.ಮೀ. ‘ಸ್ಪೀಗಲ್‌ಮನ್ ಸ್ಟೇಜ್ 2’ ಅಂತ ಬರೆದು ಮೂರು ವರ್ಷ ಬಿಟ್ಟು ಬನ್ನಿ ಅಂದಿದ್ದಾರೆ. ಅಷ್ಟು ದಿನ ಸುಮ್ನೆ ಬಿಡಬಹುದಾ ಅಂತ ಕೇಳಿದ್ದೀರಿ.

ಬಿಡಬಹುದು. ಆದರೆ ಒಂದು ಷರತ್ತು ಉಂಟು, ಕೆಳಗೆ ಹೇಳುತ್ತೇನೆ. ನಾನು ಡಾಕ್ಟರ್ ಅಲ್ಲ. ಬದಿಯಡ್ಕ ಕಡೆಯವನು, ಇದೇ ಕಾಯಿಲೆ ಇರುವವನು, ಎಂಡೋಸ್ಕೋಪಿಗೆ ಅಂತ ಮಂಗಳೂರಿಗೆ ಹೋಗಿ ಬರುವವನು. ನೆಂಟರ ಮನೆಯ ಮದುವೆಗೆ ಹೋದರೆ “ಆಪರೇಶನ್ ಆಯ್ತಲ್ಲ ಮಾರಾಯ್ರೇ, ಇನ್ನೆಂತ ಚೆಕಪ್?” ಅಂತ ಕೇಳುವವರು ನನಗೂ ಸಿಗುತ್ತಾರೆ.

ಈ ಸ್ಟೇಜ್ ಕ್ಯಾನ್ಸರ್‌ನ ಸ್ಟೇಜ್ ಅಲ್ಲ. ಲಂಡನ್ನಿನ ಸೇಂಟ್ ಮಾರ್ಕ್ಸ್ ಆಸ್ಪತ್ರೆಯ ಸ್ಪೀಗಲ್‌ಮನ್ ಮತ್ತು ಜೊತೆಯವರು 1989ರಲ್ಲಿ ಕೊಟ್ಟ ಅಂಕಗಳ ಲೆಕ್ಕ ಇದು. ಪಾಲಿಪ್ ಎಷ್ಟು, ದೊಡ್ಡದರ ಅಳತೆ ಎಷ್ಟು, ಬಯಾಪ್ಸಿಯಲ್ಲಿ ಯಾವ ಜಾತಿ, ಜೀವಕೋಶ ಎಷ್ಟು ಕೆಟ್ಟಿದೆ ಅಂತ ನಾಲ್ಕು ಪ್ರಶ್ನೆ. ಒಂದೊಂದಕ್ಕೂ 1ರಿಂದ 3 ಅಂಕ. ನಿಮ್ಮ ತಮ್ಮನದ್ದೇ ಹಾಕಿ ನೋಡಿ. ಸಂಖ್ಯೆ 5ರಿಂದ 20ರ ಒಳಗೆ, ಅದಕ್ಕೆ 2. ಅಳತೆ 5ರಿಂದ 10 ಮಿ.ಮೀ. ಒಳಗೆ, ಅದಕ್ಕೆ 2. ಜಾತಿ ಟ್ಯೂಬ್ಯುಲರ್ ಆದರೆ 1, ಲೋ ಗ್ರೇಡ್ ಡಿಸ್‌ಪ್ಲೇಸಿಯಾ, ಅಂದರೆ ಜೀವಕೋಶ ಸ್ವಲ್ಪವೇ ಕೆಟ್ಟಿದ್ದು ಆದರೆ 1. ಒಟ್ಟು 6. ಐದು, ಆರು ಬಂದರೆ ಸ್ಟೇಜ್ 2. ಏಳು, ಎಂಟಕ್ಕೆ ಸ್ಟೇಜ್ 3. ಒಂಬತ್ತು ಅಥವಾ ಅದಕ್ಕಿಂತ ಜಾಸ್ತಿ ಬಂದರೆ ಸ್ಟೇಜ್ 4.

ಅಂದರೆ ತಮ್ಮ ಸ್ಟೇಜ್ 2ರ ಮೇಲಿನ ಅಂಚಿನಲ್ಲಿದ್ದಾನೆ. ಒಂದೇ ಒಂದು ಪಾಲಿಪ್ 10 ಮಿ.ಮೀ. ದಾಟಿದರೂ ಅಂಕ 7 ಆಗುತ್ತದೆ. ಆಗ ಮೂರು ವರ್ಷಕ್ಕಲ್ಲ, ವರ್ಷಕ್ಕೊಮ್ಮೆ ಹೋಗಬೇಕು. ಸ್ಟೇಜ್ 0 ಮತ್ತು 1ಕ್ಕೆ ಸಾಮಾನ್ಯವಾಗಿ ಐದು ವರ್ಷ ಬಿಡುತ್ತಾರೆ. 4 ಬಂದರೆ ಆರು ತಿಂಗಳಿಗೊಮ್ಮೆ ನೋಡುತ್ತಾರೆ, ಸರ್ಜರಿ ಮಾತೂ ಶುರುವಾಗುತ್ತದೆ. ಅದಕ್ಕೆ ಕಾರಣ ಉಂಟು. 2002ರಲ್ಲಿ ಬಂದ ಒಂದು ಅಧ್ಯಯನದಲ್ಲಿ 114 ಜನರನ್ನು ಹತ್ತು ವರ್ಷ ನೋಡಿದ್ದರು. ಆರು ಜನರಿಗೆ ಡುವೊಡಿನಮ್ ಕ್ಯಾನ್ಸರ್ ಬಂತು. ಆ ಆರರಲ್ಲಿ ನಾಲ್ವರು ಮೊದಲೇ ಸ್ಟೇಜ್ 4ರಲ್ಲಿದ್ದವರು, ಮತ್ತು ಆ ಸ್ಟೇಜಿನಲ್ಲಿ ಇದ್ದದ್ದೇ 11 ಜನ.

ಇನ್ನು ಆ ಷರತ್ತು. ಪಿತ್ತ ಮತ್ತು ಪ್ಯಾಂಕ್ರಿಯಾಸ್‌ನ ರಸ ಕರುಳಿಗೆ ಬೀಳುವ ಜಾಗಕ್ಕೆ ಆಂಪುಲ್ಲಾ ಅನ್ನುತ್ತಾರೆ. ಎಫ್‌ಎಪಿ ಇರುವವರಲ್ಲಿ ಅಡೆನೋಮಾ (ಮುಂದೆ ಕ್ಯಾನ್ಸರ್ ಆಗಬಹುದಾದ ಪಾಲಿಪ್) ಅಲ್ಲಿ ಮತ್ತು ಅದರ ಸುತ್ತಲೇ ಜಾಸ್ತಿ. ಸ್ಪೀಗಲ್‌ಮನ್ ಅಂಕದಲ್ಲಿ ಇದಕ್ಕೆ ಬೇರೆ ಜಾಗ ಇಲ್ಲ. ಸಾಮಾನ್ಯ ಎಂಡೋಸ್ಕೋಪ್ ಎದುರಿಗೆ ನೋಡುತ್ತದೆ, ಆಂಪುಲ್ಲಾ ಇರುವುದು ಬದಿಯ ಗೋಡೆಯಲ್ಲಿ. ಹಾಗಾಗಿ ಬದಿಗೆ ನೋಡುವ ಸ್ಕೋಪ್ ಬೇಕು, ಇಲ್ಲವೇ ತುದಿಗೆ ಪ್ಲಾಸ್ಟಿಕ್ ಕ್ಯಾಪ್ ಹಾಕಿ ನೋಡಬೇಕು. ರಿಪೋರ್ಟಿನಲ್ಲಿ ಆಂಪುಲ್ಲಾ ಸರಿಯಾಗಿದೆ ಅಂತ ಬೇರೆಯಾಗಿ ಬರೆದಿದ್ದರೆ ನಿಶ್ಚಿಂತೆಯಾಗಿರಿ. ಬರೆದಿಲ್ಲವಾದರೆ ಡಾಕ್ಟರಿಗೆ ಫೋನ್ ಮಾಡಿ, ನೋಡಿದ್ದಾರಾ ಅಂತ ಕೇಳಿ. ನೋಡಿಲ್ಲ ಅಂದರೆ ಮೂರು ವರ್ಷ ಕಾಯುವುದು ನನಗೆ ಸರಿ ಕಾಣುವುದಿಲ್ಲ. ಅಲ್ಲಿಂದ ಬಯಾಪ್ಸಿ ತೆಗೆಯದಿದ್ದರೆ ಮಾತ್ರ ಗಾಬರಿ ಬೇಡ. ಅಲ್ಲಿ ಚುಚ್ಚಿದರೆ ಕೆಲವೊಮ್ಮೆ ಪ್ಯಾಂಕ್ರಿಯಾಸ್ ಊದಿಕೊಳ್ಳುತ್ತದೆ, ಅದಕ್ಕೇ ಸಂಶಯ ಇಲ್ಲದಿದ್ದರೆ ಬಿಟ್ಟುಬಿಡುತ್ತಾರೆ.

“ಎಂಟೇ ಉಂಟಲ್ಲ, ಎಲ್ಲ ಕಿತ್ತು ಹಾಕಬಾರದಾ?” ಅಂತಲೂ ಕೇಳಿದ್ದೀರಿ. ಡುವೊಡಿನಮ್ ಗೋಡೆ ತೆಳು. ಕತ್ತರಿಸಿದರೆ ರಕ್ತ ಹೋಗುವುದು, ತೂತಾಗುವುದು ಉಂಟು. ಹಾಗಾಗಿ ದೊಡ್ಡದನ್ನು ತೆಗೆಯುತ್ತಾರೆ, ಸಣ್ಣವನ್ನು ನೋಡುತ್ತಾ ಇರುತ್ತಾರೆ.

ಕಣ್ಣು ಹಳದಿಯಾಗುವುದು, ಮಲ ಕಪ್ಪಾಗುವುದು, ಮೇಲ್ಹೊಟ್ಟೆ ನೋವು ಬಿಡದೇ ಇರುವುದು ಕಂಡರೆ ತಾರೀಕು ನೋಡುತ್ತಾ ಕೂರಬೇಡಿ.

ತಮ್ಮ ರಜೆಯ ಮೊದಲ ವಾರದಲ್ಲೇ ಸ್ಕೋಪ್ ಮಾಡಿಸಲಿ. ಬಯಾಪ್ಸಿ ಬರಲು ಕೆಲವು ದಿನ ಬೇಕು, ಅದಿಲ್ಲದೆ ನಾಲ್ಕರಲ್ಲಿ ಎರಡು ಅಂಕ ಹಾಕಲಿಕ್ಕೇ ಆಗುವುದಿಲ್ಲ. ಕೊನೆ ವಾರಕ್ಕೆ ಇಟ್ಟರೆ ವಿಮಾನ ಹತ್ತಿದ ಮೇಲೆ ರಿಪೋರ್ಟ್ ಬರುತ್ತದೆ. ಸ್ಕೋಪ್, ಬಯಾಪ್ಸಿ ಎರಡೂ ರಿಪೋರ್ಟಿನ ಫೋಟೋ ನಿಮ್ಮ ಫೋನಿನಲ್ಲೂ ಇರಲಿ. ದೊಡ್ಡಕರುಳು ತೆಗೆದ ಕಡೆ ಉಳಿದ ಭಾಗದ ಚೆಕಪ್ ಬೇರೆಯೇ, ಅದನ್ನು ಈ ಮೂರು ವರ್ಷದ ಲೆಕ್ಕಕ್ಕೆ ಸೇರಿಸಬೇಡಿ.

ಇನ್ನೊಂದು, ನಿಮ್ಮ ಬಗ್ಗೆ ನೀವು ಏನೂ ಬರೆದಿಲ್ಲ. ಇದು ಅಪ್ಪನಿಂದಲೋ ಅಮ್ಮನಿಂದಲೋ ಬಂದಿದ್ದರೆ ನಿಮಗೂ ಇರುವ ಸಾಧ್ಯತೆ ಅರ್ಧಕ್ಕರ್ಧ. ಈ ಕಾಯಿಲೆ ಬರುವುದು ಎಪಿಸಿ ಅನ್ನುವ ಜೀನ್ ಕೆಟ್ಟರೆ; ತಮ್ಮನ ಆ ಜೀನ್‌ನಲ್ಲಿ ದೋಷ ಎಲ್ಲಿದೆ ಅಂತ ಗೊತ್ತಾಗಿದ್ದರೆ ನಿಮಗೆ ಒಂದು ರಕ್ತಪರೀಕ್ಷೆ ಸಾಕು. ನಿಮ್ಮದು ಆಗಿದೆಯಾ?