ಗ್ರೀಸ್‌ನ ನಾಫ್ಪಾಕ್ಟೋಸ್ ಎಲ್ಲಿದೆ? ಅದರ ಇತಿಹಾಸ ಏನು?

ಕೊರಿಂತ್ ಕೊಲ್ಲಿಯ ಉತ್ತರ ದಡದ ಪುಟ್ಟ ಊರಿದು. ಕೊಲ್ಲಿಯ ಕಿರಿದಾದ ಬಾಯಿ ಪಕ್ಕದಲ್ಲೇ ಇದೆ. ಊರು ಕೈಲಿದ್ದರೆ ಹಡಗುಗಳ ದಾರಿಯೂ ಕೈಲಿದ್ದ ಹಾಗೆ. ಹೆಸರಿನ ಅರ್ಥವೇ 'ಹಡಗು ಕಟ್ಟುವ ಜಾಗ'.

ಕ್ರಿ.ಪೂ. 5ನೇ ಶತಮಾನದಲ್ಲಿ ಅಥೆನ್ಸ್‌ನವರು ಇದನ್ನು ಹಿಡಿದು, ಸ್ಪಾರ್ಟಾ ಹೊರಗಟ್ಟಿದ್ದ ಮೆಸೇನಿಯಾದ ಜನರಿಗೆ ಇಲ್ಲಿ ನೆಲೆ ಕೊಟ್ಟರು. 1407ರಲ್ಲಿ ವೆನಿಸ್ ಕೈಗೆ ಬಂತು, 1499ರಲ್ಲಿ ಆಟೋಮನ್ ತುರ್ಕರ ಪಾಲಾಯಿತು.

ತುರ್ಕರಿಗೂ ಯುರೋಪಿನ ಕ್ರೈಸ್ತ ರಾಜ್ಯಗಳ ಕೂಟಕ್ಕೂ ಕಡಲಲ್ಲಿ ನಡೆದ ಲೆಪಾಂಟೊ ಯುದ್ಧದ ಹೆಸರು ಕೇಳಿರ್ತೀರಿ ಅಲ್ವಾ? ಆ ಲೆಪಾಂಟೊ ಇದೇ ಊರು. ತಮಾಷೆ ಅಂದರೆ 1571ರ ಆ ಕಾಳಗ ಊರಿನ ಮುಂದೆ ನಡೆದೇ ಇಲ್ಲ. ತುರ್ಕರ ನೌಕಾಪಡೆ ಇಲ್ಲಿಂದ ಹೊರಟಿತ್ತು ಅಷ್ಟೇ, ಹೊಡೆದಾಟ ನಡೆದದ್ದು ಪಶ್ಚಿಮಕ್ಕೆ ಜಾಸ್ತಿ ದೂರದ ಕಡಲಲ್ಲಿ. ಅದರಲ್ಲಿ ಎಡಗೈ ಸ್ವಾಧೀನ ಕಳೆದುಕೊಂಡ ಸ್ಪೇನಿನ ಲೇಖಕ ಸರ್ವಾಂಟಿಸ್‌ನ ಪ್ರತಿಮೆ ಇಲ್ಲಿನ ಹಳೇ ಬಂದರಿನಲ್ಲಿದೆ. ಬಂದರೋ, ಎರಡು ಕೋಟೆಗೋಡೆಗಳು ತೋಳು ಚಾಚಿ ತಬ್ಬಿಕೊಂಡಷ್ಟೇ ಜಾಗ. ಸಣ್ಣ ದೋಣಿಗಳಿಗೆ ಸಾಕು.